ಸಂಸ್ಕೃತ ನಾಟಕವನ್ನೇ ನೆಚ್ಚಿದ ನಿರ್ದೇಶಕ: ಕಾವಾಲಂ ಪಣಿಕ್ಕರರ ರಂಗಜೀವನ ಮತ್ತು ಮುಧೋಳದ ನಮ್ಮ ‘ಊರುಭಂಗ’

ಮುಧೋಳದ ರಂಗಾಸಕ್ತ:

ಎಲ್ಲ ಹಿರಿಯರಿಗೂ ಗೆಳೆಯರಿಗೂ ನಮಸ್ಕಾರ. ನಾವು ಹನ್ನೊಂದು ಮಂದಿ ಸೇರಿ ಮುಧೋಳದಲ್ಲಿ, ತೊಡೆ ಮುರಿದ ದುರ್ಯೋಧನನ ಕೊನೆಯ ಗಳಿಗೆಗಳನ್ನು ಹೇಳುವ, ಪ್ರಾಚೀನ ಸಂಸ್ಕೃತ ನಾಟಕಕಾರ ಭಾಸನ ‘ಊರುಭಂಗ’ವನ್ನು ಕನ್ನಡದಲ್ಲಿ ಆಡಲು ಎರಡು ತಿಂಗಳಿಂದ ತಾಲೀಮು ನಡೆಸಿದ್ದೇವೆ. ನಿರ್ದೇಶನದ ಹೊಣೆ ನನ್ನ ಹೆಗಲ ಮೇಲಿದೆ. ‘ಗದಾಯುದ್ಧ’ದ ಕವಿ ರನ್ನನ ಊರಿನಲ್ಲಿ ದುರ್ಯೋಧನನ ನಾಟಕ ಆಡುವುದಕ್ಕೆ ಯಾರ ಅಪ್ಪಣೆಯೂ ಬೇಕಿಲ್ಲ, ನಿಜ. ಆದರೆ ಇಂಥ ನಾಟಕವನ್ನು ಕಟ್ಟುವ ಬಗೆ ತಿಳಿಯದೆ, ಜೀವನದ ಬಹುಭಾಗವನ್ನು ಸಂಸ್ಕೃತ ನಾಟಕಗಳಿಗೇ ಕೊಟ್ಟ ಕಾವಾಲಂ ನಾರಾಯಣ ಪಣಿಕ್ಕರರ ರಂಗಜೀವನವನ್ನು ಅಭ್ಯಾಸ ಮಾಡತೊಡಗಿದೆ. ಓದಿದಷ್ಟೂ ಒಂದು ಪ್ರಶ್ನೆ ನನ್ನನ್ನು ಕಾಡುತ್ತಿದೆ.

ಅವರು 1928ರಲ್ಲಿ ಕೇರಳದ ಕುಟ್ಟನಾಡಿನ ಕಾವಾಲಂ ಎಂಬ ಹಳ್ಳಿಯಲ್ಲಿ ಹುಟ್ಟಿದರು. ಕಾನೂನು ಓದಿ ಕೆಲವು ವರ್ಷ ವಕೀಲಿ ಮಾಡಿದರು. 1961ರಲ್ಲಿ ಕೇರಳ ಸಂಗೀತ ನಾಟಕ ಅಕಾಡೆಮಿಯ ಕಾರ್ಯದರ್ಶಿಯಾಗಿ ತ್ರಿಶೂರಿಗೆ ಹೋದರು. 1970ರ ದಶಕದಲ್ಲಿ ತಿರುವನಂತಪುರಕ್ಕೆ ಬಂದು ನೆಲೆ ನಿಂತರು. ಆ ಕಾಲದ ಅವರ ಹೆಸರಾಂತ ನಾಟಕ ‘ಅವನವನ್ ಕಡಂಬ’ ಅವರದೇ ರಚನೆಯಾದರೂ ಅದನ್ನು ರಂಗಕ್ಕೆ ತಂದವರು ಚಲನಚಿತ್ರ ನಿರ್ದೇಶಕ ಜಿ. ಅರವಿಂದನ್. ಭಾಸನ ‘ಮಧ್ಯಮವ್ಯಾಯೋಗ’ವನ್ನು ಪಣಿಕ್ಕರರು ಉಜ್ಜಯಿನಿಯ ಕಾಳಿದಾಸ ಸಮಾರೋಹಕ್ಕಾಗಿ ಸಿದ್ಧಪಡಿಸಿದ್ದು 1978ರಲ್ಲಿ. ಅಷ್ಟು ಹೊತ್ತಿಗೆ ಅವರಿಗೆ ಐವತ್ತು ತುಂಬಿತ್ತು! ಅಲ್ಲಿಂದ ಮುಂದೆ ‘ಶಾಕುಂತಲ’, ‘ವಿಕ್ರಮೋರ್ವಶೀಯ’, ‘ಕರ್ಣಭಾರ’, ‘ಊರುಭಂಗ’, ‘ಸ್ವಪ್ನವಾಸವದತ್ತ’ ಒಂದಾದ ಮೇಲೊಂದು ಬಂದವು. 1983ರಲ್ಲಿ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ, 2007ರಲ್ಲಿ ಪದ್ಮಭೂಷಣ ಬಂದವು. 2016ರ ಜೂನ್ 26ರಂದು ತೀರಿಕೊಳ್ಳುವವರೆಗೂ ಅವರು ಕಟ್ಟಿದ ‘ಸೋಪಾನಂ’ ತಂಡವೇ ಅವರ ಮನೆಯಾಗಿತ್ತು.

ನನ್ನ ಪ್ರಶ್ನೆ ಇಷ್ಟೇ. ಐವತ್ತರವರೆಗೆ ಭಾಸನನ್ನು ಮುಟ್ಟದವರು ಆಮೇಲೆ ಅವನನ್ನು ಬಿಡದೆ ಹಿಡಿದದ್ದು ಹೇಗೆ? ನಮ್ಮ ಭಾಗದಲ್ಲಿ ಒಬ್ಬ ನಿರ್ದೇಶಕ ಹೀಗೆ ಪ್ರಾಚೀನ ನಾಟಕಗಳನ್ನೇ ನಂಬಿ ನಿಲ್ಲಬಹುದೆ?

ಜಮಖಂಡಿ ಮಾಸ್ತರ:

ತಮ್ಮಾ, ನಿನ್ನ ಪ್ರಶ್ನೆಯಲ್ಲಿಯೇ ಅರ್ಧ ಉತ್ತರವಿದೆ. ಐವತ್ತರವರೆಗೆ ಅವರು ಭಾಸನನ್ನು ಮುಟ್ಟಲಿಲ್ಲ ಎನ್ನುವುದಕ್ಕಿಂತ, ಭಾಸನನ್ನು ಮುಟ್ಟಲು ಬೇಕಾದದ್ದನ್ನೆಲ್ಲ ಅಲ್ಲಿಯವರೆಗೆ ಕೂಡಿಸಿಕೊಂಡರು ಎನ್ನುವುದು ಸರಿಯಾದೀತು. ಅಕಾಡೆಮಿಯ ಕಾರ್ಯದರ್ಶಿಯೆಂದರೆ ಕಡತಕ್ಕೆ ಸಹಿ ಹಾಕುವವನೆಂದು ನಾವು ತಿಳಿಯುತ್ತೇವೆ. ಅವರ ಪಾಲಿಗೆ ಆ ಕುರ್ಚಿ ಕೇರಳದ ಸಂಸ್ಕೃತ ರಂಗಕಲೆ ಕೂಡಿಯಾಟ್ಟಂ, ದೈವಾರಾಧನೆಯ ಕುಣಿತಗಳಾದ ತೆಯ್ಯಂ, ಪಡಯಣಿ, ದೇವಾಲಯದ ಸೋಪಾನ ಸಂಗೀತಗಳ ಕಲಾವಿದರನ್ನು ಹತ್ತಿರದಿಂದ ಕಾಣುವ ಅವಕಾಶವಾಯಿತು. ವಿದ್ವತ್ತಿನಿಂದ ನಾಟಕಕ್ಕೆ ಬಂದವರು ಅವರಲ್ಲ. ಕವಿಯಾಗಿ, ಹಾಡು ಕಟ್ಟುವವರಾಗಿ ಬಂದವರು.

ಇನ್ನೊಂದು ಮಾತನ್ನು ಸಂಸ್ಕೃತ ಕಲಿಸಿದವನಾಗಿ ಹೇಳುತ್ತೇನೆ. ಭಾಸನ ಹೆಸರನ್ನು ಕಾಳಿದಾಸನೇ ಗೌರವದಿಂದ ಹೇಳಿದ್ದರೂ ಅವನ ನಾಟಕಗಳು ನಮಗೆ ಸಿಕ್ಕಿದ್ದು ತೀರ ಈಚೆಗೆ. ತಿರುವನಂತಪುರದಲ್ಲಿ ಟಿ. ಗಣಪತಿ ಶಾಸ್ತ್ರಿಗಳು ತಾಳೆಗರಿಗಳಿಂದ ಹದಿಮೂರು ನಾಟಕಗಳನ್ನು ಹೊರತೆಗೆದು 1912ರಿಂದ ಅಚ್ಚು ಹಾಕಿಸಿದರು. ಕೇರಳದ ಕೂಡಿಯಾಟ್ಟಂ ಕಲಾವಿದರು ಅವುಗಳ ಕೆಲವು ಅಂಕಗಳನ್ನು ದೇವಾಲಯದ ನಾಟಕಶಾಲೆಗಳಾದ ಕೂತ್ತಂಬಲಗಳಲ್ಲಿ ಆಡುತ್ತಲೇ ಬಂದಿದ್ದರೆಂಬುದು ನಿಜ. ಆದರೆ ಅವರು ಒಂದೊಂದು ಅಂಕವನ್ನು ಹಲವು ರಾತ್ರಿಗಳವರೆಗೆ ಬೆಳೆಸುವವರು. ಇಡೀ ನಾಟಕವನ್ನು ಒಂದು ಸಂಜೆಯಲ್ಲಿ ಮುಗಿಸುವ ಕ್ರಮಕ್ಕೆ ಅವರಲ್ಲಿ ಮಾದರಿ ಸಿಗುವಂತಿರಲಿಲ್ಲ. ಹಾಗಾಗಿ ಪಣಿಕ್ಕರರು ಪರಂಪರೆಯನ್ನು ಮುಂದುವರಿಸಿದರೆಂದು ಜನ ಹೇಳುವಾಗ ನನಗೆ ಸಣ್ಣ ನಗು ಬರುತ್ತದೆ. ಅವರು ಮಾಡಿದ್ದು ಹೊಸದು, ಹಳೆಯದರ ಮಣ್ಣಿನಿಂದ ಮಾಡಿದ್ದು.

ಭಾಸನ ಬರಹ ಎಷ್ಟು ಮಿತ ಎಂಬುದನ್ನು ನೀನು ತಾಲೀಮಿನಲ್ಲಿ ಕಂಡಿರಬೇಕು. ‘ಪರಿಕ್ರಮ್ಯ’ ಎಂಬ ಒಂದು ಪದ ಬರೆದು ಅವನು ಸುಮ್ಮನಾಗುತ್ತಾನೆ. ಪಾತ್ರ ರಂಗದ ಮೇಲೆ ಒಂದು ಸುತ್ತು ಹಾಕಿದರೆ ಊರೇ ಬದಲಾಯಿತು, ಕಾಡು ಕಳೆದು ಆಶ್ರಮ ಬಂತು. ಪರದೆಯಿಲ್ಲ, ಸೀನು ಬದಲಿಸುವ ಗದ್ದಲವಿಲ್ಲ. ನಾಟ್ಯಶಾಸ್ತ್ರ ಇದನ್ನು ಕಕ್ಷ್ಯಾವಿಭಾಗ ಎನ್ನುತ್ತದೆ. ನಟನಿಗೆ ಆ ಸುತ್ತನ್ನು ಹಾಕಲು ಬಂದರೆ ನಾಟಕ ಉಳಿಯಿತು, ಬರದಿದ್ದರೆ ಅದು ಬರೀ ಓಡಾಟ.

ವಿಜಯಪುರದ ಕಂಪನಿ ನಾಟಕಪ್ರಿಯ:

ಮಾಸ್ತರರೇ, ನಿಮ್ಮ ಮೇಲಿನ ಗೌರವವನ್ನು ಬದಿಗಿಡದೆ ಒಂದು ಭಿನ್ನಮತ ದಾಖಲಿಸುತ್ತೇನೆ. ಪಣಿಕ್ಕರರ ನಾಟಕಗಳು ಉತ್ಸವಗಳ ನಾಟಕಗಳು. ಉಜ್ಜಯಿನಿಯಲ್ಲಿ, ದಿಲ್ಲಿಯಲ್ಲಿ, ಹೊರದೇಶಗಳಲ್ಲಿ ಕುಳಿತು ನೋಡುವ ಸಭಿಕರೇ ಬೇರೆ, ಬನಶಂಕರಿ ಜಾತ್ರೆಯ ಚಳಿಯಲ್ಲಿ ಟಿಕೆಟು ತೆಗೆದುಕೊಂಡು ಬೆಳಗಿನವರೆಗೆ ಕೂಡುವ ಜನರೇ ಬೇರೆ. ಬನದ ಹುಣ್ಣಿಮೆಯಿಂದ ಆ ಬಯಲಿನಲ್ಲಿ ಸಾಲುಸಾಲಾಗಿ ಕಂಪನಿಗಳ ಥೇಟರುಗಳು ಏಳುವುದನ್ನು ನೋಡುತ್ತ ಬೆಳೆದವನು ನಾನು. ಅಲ್ಲಿ ಮೂಲೆಯಲ್ಲಿ ಕುಳಿತ ಮುದುಕಿಗೂ ಮಾತು ಕೇಳಿಸಬೇಕು, ಅರ್ಥವಾಗಬೇಕು. ಅದಾಗದಿದ್ದರೆ ಮರುದಿನ ಗಲ್ಲೆ ಖಾಲಿ.

ನಮ್ಮ ಜಿಲ್ಲಾ ರಂಗಮಂದಿರಕ್ಕೆ ಯಾರ ಹೆಸರಿದೆ? ಕಂದಗಲ್ಲ ಹನಮಂತರಾಯರದು. 1896ರಲ್ಲಿ ಹುಟ್ಟಿದ, ಹುನಗುಂದದ ಕಡೆಯ ಆ ನಾಟಕಕಾರರ ‘ರಕ್ತರಾತ್ರಿ’ಯನ್ನು ಈ ಭಾಗದ ಹಳ್ಳಿಹಳ್ಳಿಯಲ್ಲಿ ಆಡಿದ್ದಾರೆ, ಇಂದಿಗೂ ಆಡುತ್ತಾರೆ. ಊರುಭಂಗದ ಕೊನೆಗೆ ಅಶ್ವತ್ಥಾಮ ಯಾವ ರಾತ್ರಿಯ ಪ್ರತಿಜ್ಞೆ ಮಾಡುತ್ತಾನೋ ಆ ರಾತ್ರಿಯ ಕಥೆಯೇ ಅದು. ಭಾಸನ ಹೆಸರು ಕೇಳದ ರೈತನಿಗೂ ಅಶ್ವತ್ಥಾಮನ ಮಾತುಗಳು ಬಾಯಿಪಾಠ. ಹೀಗಿರುವಾಗ ಪ್ರಾಚೀನ ನಾಟಕದ ವಿಶೇಷಜ್ಞನೆಂಬ ಹೊಸ ಹುದ್ದೆ ನಮಗೆ ಏತಕ್ಕೆ ಬೇಕು? ನಮ್ಮ ಕಂಪನಿಗಳಲ್ಲಿ ನಿರ್ದೇಶಕನೆಂಬ ಪ್ರತ್ಯೇಕ ಮನುಷ್ಯನೇ ಇರಲಿಲ್ಲ. ಮಾಲಕನೋ ಹಿರಿಯ ನಟನೋ ತಾಲೀಮು ಮಾಡಿಸುತ್ತಿದ್ದ.

ಟಿಳಕವಾಡಿ, ಬೆಳಗಾವಿ:

ವಿಜಯಪುರದ ಅಣ್ಣಾವರ ಮಾತಿನಲ್ಲಿ ಬಿಸಿಯೂ ಇದೆ, ಸತ್ಯವೂ ಇದೆ. ಆದರೆ ನಿರ್ದೇಶಕನೆಂಬ ಪ್ರತ್ಯೇಕ ಮನುಷ್ಯ ನಮ್ಮಲ್ಲಿ ಇರಲೇ ಇಲ್ಲ ಎಂಬ ಮಾತಿಗೆ ನನ್ನ ತಕರಾರಿದೆ. ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನಲ್ಲಿ 1843ರಲ್ಲಿ ಹುಟ್ಟಿದ ಅಣ್ಣಾಸಾಹೇಬ ಕಿರ್ಲೋಸ್ಕರರು ಕಾಳಿದಾಸನ ಶಾಕುಂತಲವನ್ನು ಮರಾಠಿಗೆ ತಂದು, ಹಾಡುಗಳನ್ನು ಹೆಣೆದು, ನಟರನ್ನು ತಾವೇ ತಯಾರು ಮಾಡಿ 1880ರ ಅಕ್ಟೋಬರ್ 31ರಂದು ಪುಣೆಯಲ್ಲಿ ಆಡಿಸಿದರು. ಅಂದು ಆಡಿದ್ದು ಮೊದಲ ನಾಲ್ಕು ಅಂಕಗಳನ್ನು ಮಾತ್ರ. ಮರಾಠಿ ಸಂಗೀತ ನಾಟಕ ಎಂಬ ದೊಡ್ಡ ಹೊಳೆಗೆ ಆ ಸಂಜೆಯೇ ಮೂಲ. 1885ರಲ್ಲಿ ಅವರು ತೀರಿಕೊಂಡರು. ತಂಡ ಕಟ್ಟಿಕೊಂಡು ಅವರು ಬದುಕಿದ್ದು ಐದೇ ವರ್ಷ. ತಂಡ ಮಾತ್ರ ಉಳಿಯಿತು. 1905ರಲ್ಲಿ ಬಾಲಗಂಧರ್ವರು ಆ ಮಂಡಳಿ ಸೇರಿದಾಗಲೂ ಅವರು ಶಕುಂತಲೆಯಾಗಿಯೇ ರಂಗಕ್ಕೆ ಬಂದರು. ಕಿರ್ಲೋಸ್ಕರರಿಗೂ ಪಣಿಕ್ಕರರಿಗೂ ನೂರು ವರ್ಷದ ಅಂತರವಿದೆ, ಶೈಲಿಯಲ್ಲಿ ಅಜಗಜಾಂತರವಿದೆ. ಆದರೂ ಇಬ್ಬರೂ ಕಾಳಿದಾಸನನ್ನು ಹಿಡಿದದ್ದು ತಮ್ಮ ಜನ ಕೇಳಿ ಪಳಗಿದ ಹಾಡಿನ ಮೂಲಕ. ಪಣಿಕ್ಕರರ ನಟರು ಸಂಸ್ಕೃತದಲ್ಲಿಯೇ ಮಾತನಾಡಿದರೂ ತಾಳ ಮಲಯಾಳದ್ದು.

ನಾನು ಹೆಗ್ಗೋಡಿನ ನೀನಾಸಂ ರಂಗಶಿಕ್ಷಣ ಕೇಂದ್ರದಲ್ಲಿ ಕಲಿತವಳು. ಅಲ್ಲಿ ನಾನು ಕಲಿತ ಒಂದು ಸಂಗತಿಯನ್ನು ಮುಧೋಳದ ತಮ್ಮನಿಗೆ ಹೇಳಬೇಕು. ಪ್ರಾಚೀನ ನಾಟಕಗಳನ್ನು ಆಧುನಿಕ ಭಾರತದಲ್ಲಿ ಕಟ್ಟಿದ ನಿರ್ದೇಶಕರನ್ನು ಒಂದೇ ಸಾಲಿನಲ್ಲಿ ನಿಲ್ಲಿಸಬಾರದು. 1962ರಿಂದ 1977ರವರೆಗೆ ರಾಷ್ಟ್ರೀಯ ನಾಟಕ ಶಾಲೆಯನ್ನು ನಡೆಸಿದ ಇಬ್ರಾಹಿಂ ಅಲ್ಕಾಜಿ ಗ್ರೀಕ್ ನಾಟಕಕಾರ ಸೊಫೊಕ್ಲಿಸನನ್ನೂ ಆಡಿಸಿದರು, 1963ರಲ್ಲಿ ಫಿರೋಜ್ ಶಾ ಕೋಟ್ಲಾದ ಪಾಳುಗೋಡೆಗಳ ನಡುವೆ ಮಹಾಭಾರತ ಯುದ್ಧದ ಕೊನೆಯ ಕಥೆಯ ಹಿಂದಿ ನಾಟಕ ‘ಅಂಧಾಯುಗ’ವನ್ನೂ ಆಡಿಸಿದರು. ಅವರಿಗೆ ಸ್ಥಳವೇ ದೊಡ್ಡ ನಟ. ಅದರ ಜೊತೆಗೆ ಮಾತಿನ ಶಿಸ್ತು. ನಮ್ಮ ಬಿ.ವಿ. ಕಾರಂತರು 1972ರಲ್ಲಿ ಬೆಂಗಳೂರಿನ ಬಯಲಿನಲ್ಲಿ ಲಂಕೇಶರ ಕನ್ನಡದಲ್ಲಿ ಈಡಿಪಸ್‌ನನ್ನು ನಿಲ್ಲಿಸಿದರು, 1979ರಲ್ಲಿ ಮ್ಯಾಕ್‌ಬೆತ್‌ನನ್ನು ಹಿಂದಿಯಲ್ಲಿ ‘ಬರ್ನಂ ವನ’ವಾಗಿಸಿ ಯಕ್ಷಗಾನದ ಹೆಜ್ಜೆ ಹಾಕಿಸಿದರು. ಆದರೆ ಕಾರಂತರು ಒಂದೇ ಬಗೆಯ ನಾಟಕಕ್ಕೆ ಅಂಟಿಕೊಂಡವರಲ್ಲ, ಅಂಟಿಕೊಳ್ಳಲು ಅವರಿಂದ ಸಾಧ್ಯವೂ ಇರಲಿಲ್ಲ. ಬಿಡದೆ ಹಿಡಿದವರೆಂದರೆ ಪಣಿಕ್ಕರ್ ಮತ್ತು ಮಣಿಪುರದ ರತನ್ ಥಿಯಮ್. ಥಿಯಮ್ 1976ರಲ್ಲಿ ಇಂಫಾಲದಲ್ಲಿ ಕೋರಸ್ ರೆಪರ್ಟರಿ ಎಂಬ ಕಾಯಂ ನಾಟಕ ತಂಡ ಕಟ್ಟಿ, ಭಾಸನ ಇದೇ ಊರುಭಂಗವನ್ನು ಮಣಿಪುರಿಯಲ್ಲಿ ಆಡಿ, 1984ರಲ್ಲಿ ‘ಚಕ್ರವ್ಯೂಹ’ಕ್ಕೆ ಬಂದರು. ಈ ಇಬ್ಬರಲ್ಲಿ ಸಮಾನವಾದದ್ದು ಸಂಸ್ಕೃತದ ಪಾಂಡಿತ್ಯವಲ್ಲ. ವರ್ಷಗಟ್ಟಲೆ ಬಿಟ್ಟುಹೋಗದ ನಟರ ತಂಡ ಇಬ್ಬರಿಗೂ ಇತ್ತು. ಪ್ರಾಚೀನ ನಾಟಕದ ನಿರ್ದೇಶಕನ ಆಸ್ತಿ ಅದೊಂದೇ ಎಂದು ನಾನು ತಿಳಿದಿದ್ದೇನೆ. ಎರಡು ತಿಂಗಳ ತಾಲೀಮಿನಲ್ಲಿ ಒಂದು ಒಳ್ಳೆಯ ಪ್ರಯೋಗವಾಗಬಹುದು, ನಿರ್ದೇಶಕನಾಗುವುದಿಲ್ಲ. ಕಠಿಣವಾಗಿ ಹೇಳಿದೆನೆಂದು ಬೇಸರಿಸಬೇಡ.

ಕುಲಗೋಡ ಹಿಮ್ಮೇಳ:

ಇಷ್ಟು ದಿನ ಸುಮ್ಮನೆ ಓದುತ್ತಿದ್ದೆ. ‘ಪರಿಕ್ರಮ್ಯ’ದ ಮಾತು ಬಂದ ಮೇಲೆ ಬರೆಯಬೇಕೆನಿಸಿತು. ನಮ್ಮ ತಂದೆ ಈ ಸೀಮೆಯ ಬಯಲಾಟವಾದ ಶ್ರೀಕೃಷ್ಣ ಪಾರಿಜಾತದ ಮೇಳದಲ್ಲಿ ಹಾರ್ಮೋನಿಯಂ ನುಡಿಸುತ್ತಿದ್ದರು, ನಾನು ತಾಳ ಹಿಡಿದು ಬೆಳೆದವನು. ಪಾರಿಜಾತಕ್ಕೆ ಹೆಸರಾದ ಕುಲಗೋಡ ತಮ್ಮಣ್ಣನವರ ಊರಿನವರಾದ ನಮಗೆ ಆ ಆಟ ಮನೆಯ ಮಾತು. ಪಾರಿಜಾತದಲ್ಲಿ ಸತ್ಯಭಾಮೆಯ ಅರಮನೆಯಿಂದ ಕೃಷ್ಣನಿರುವಲ್ಲಿಗೆ ದೂತಿ ಹೋಗಬೇಕಾದಾಗ ಏನು ಮಾಡುತ್ತಾಳೆ? ಭಾಗವತನೊಡನೆ ನಾಲ್ಕು ಮಾತಾಡಿ, ಒಂದು ಸುತ್ತು ಕುಣಿದು ನಿಲ್ಲುತ್ತಾಳೆ. ಅಷ್ಟರಲ್ಲಿ ಊರು ಬದಲಾಗಿರುತ್ತದೆ. ಯಾರೂ ಎದ್ದು, ಇದು ಹೇಗೆ ಎಂದು ಕೇಳಿದ್ದನ್ನು ನಾನು ಕಂಡಿಲ್ಲ. ಮಾಸ್ತರರು ಕಕ್ಷ್ಯಾವಿಭಾಗ ಎಂದದ್ದನ್ನು ನಮ್ಮ ಮೇಳದ ದೂತಿ ಹೆಸರು ಗೊತ್ತಿಲ್ಲದೆಯೇ ಮಾಡುತ್ತಿದ್ದಳು.

ಆದರೆ ಇದನ್ನು ಹೇಳಿದ ಕೂಡಲೇ ನನಗೆ ಅಂಜಿಕೆಯೂ ಆಗುತ್ತದೆ. ಹೊರಗಿನಿಂದ ಬಂದ ನಿರ್ದೇಶಕರೊಬ್ಬರು ಒಮ್ಮೆ ನಮ್ಮಿಂದ ಎರಡು ಮಟ್ಟು, ಒಂದು ಕಿರೀಟ, ನಾಲ್ಕು ಹೆಜ್ಜೆ ತೆಗೆದುಕೊಂಡು ಹೋಗಿ ತಮ್ಮ ನಾಟಕಕ್ಕೆ ಅಂಟಿಸಿದರು. ನೋಡಲು ಹೋದ ನಮ್ಮ ತಂದೆ ಅರ್ಧಕ್ಕೆ ಎದ್ದು ಬಂದು, ಮದುವೆಯ ಮನೆಯಲ್ಲಿ ಬಾಡಿಗೆ ರುಮಾಲು ಸುತ್ತಿಕೊಂಡವರಂತೆ ಕಾಣುತ್ತಾರೆ ಎಂದರು. ಪಣಿಕ್ಕರರ ‘ಊರುಭಂಗ’ದಲ್ಲಿ ದುರ್ಯೋಧನನ ಒಳಗಿನ ಸುಯೋಧನನನ್ನು ಬೇರೆ ಮಾಡಿ ತೋರಿಸಲು ತೆಯ್ಯಂ ಬಳಸಿದರೆಂದು ಓದಿದ್ದೇನೆ. ಅದು ಅಂಟಿಸಿದ್ದಲ್ಲ. ತೆಯ್ಯಂನಲ್ಲಿ ಮನುಷ್ಯನ ಮೈಮೇಲೆ ದೈವ ಬರುತ್ತದೆ, ಒಬ್ಬನೇ ಇಬ್ಬರಾಗುತ್ತಾನೆ. ಅಲ್ಲಿ ರೂಪವೇ ಅರ್ಥವಾಯಿತು. ಪಾರಿಜಾತದಿಂದ ನೀವು ಏನನ್ನು ತೆಗೆದುಕೊಂಡರೂ, ಅದು ಅಲ್ಲಿ ಮಾಡುವ ಕೆಲಸವನ್ನೇ ನಿಮ್ಮಲ್ಲಿಯೂ ಮಾಡುತ್ತದೆಯೋ ನೋಡಿಕೊಳ್ಳಿ. ಪಾರಿಜಾತ ಮುನಿಸಿನ ಆಟ, ಊರುಭಂಗ ಸಾವಿನ ಆಟ.

ಮುಧೋಳದ ರಂಗಾಸಕ್ತ:

ಬೆಳಗಾವಿಯ ಅಕ್ಕಾವರೇ, ಬೇಸರವೇನೂ ಇಲ್ಲ. ಕುಲಗೋಡದ ಅಣ್ಣಾವರು ಎಚ್ಚರಿಸಿದ ತಪ್ಪನ್ನು ನಾವು ಆಗಲೇ ಮಾಡಿ ಮುಗಿಸಿದ್ದೇವೆ ಎಂದು ಒಪ್ಪಿಕೊಳ್ಳುತ್ತೇನೆ. ಬಲರಾಮನ ಪ್ರವೇಶಕ್ಕೆ ಪಾರಿಜಾತದ ಹೆಜ್ಜೆ ಹಾಕಿಸಿದ್ದೆ. ತಾಲೀಮು ನೋಡಲು ಬಂದ ಓಣಿಯ ಮಕ್ಕಳು ನಕ್ಕರು. ಸಿಟ್ಟಿನಿಂದ ನೇಗಿಲೆತ್ತಿ ಬರುವ ಬಲರಾಮ ಲಾಲಿತ್ಯದಿಂದ ಬಂದರೆ ನಗದೆ ಏನು ಮಾಡಿಯಾರು? ಅದನ್ನು ತೆಗೆದುಹಾಕಿದ್ದೇನೆ.

ಈಗ ನಿಜವಾದ ತೊಡಕು ದುರ್ಯೋಧನನದು. ನಮ್ಮ ದುರ್ಯೋಧನ ಕಂಪನಿ ನಾಟಕಗಳಲ್ಲಿ ಪಳಗಿದವನು, ಕಂಠ ಒಳ್ಳೆಯದು, ನಿಂತು ಮಾತನಾಡಿದರೆ ಹಿಂದಿನ ಸಾಲಿಗೂ ಮುಟ್ಟುತ್ತದೆ. ಆದರೆ ಊರುಭಂಗದ ದುರ್ಯೋಧನ ನಿಲ್ಲುವುದೇ ಇಲ್ಲ. ತೊಡೆ ಮುರಿದವನು ತೋಳುಗಳಿಂದ ಮೈಯನ್ನು ಎಳೆದುಕೊಂಡು ಬರುತ್ತಾನೆ, ಕೊನೆಯವರೆಗೂ ನೆಲದ ಮೇಲೆಯೇ ಇರುತ್ತಾನೆ. ಹಾಗೆ ತೆವಳಿಕೊಂಡು ಮಾತನಾಡುವಾಗ ಅವನ ಉಸಿರು ಮೂರನೆಯ ಸಾಲಿಗೇ ಸೋಲುತ್ತದೆ. ಧ್ವನಿ ಏರಿಸಿದರೆ ಸಾಯುತ್ತಿರುವವನು ಸಾಯುತ್ತಿಲ್ಲ ಎನಿಸುತ್ತದೆ, ಇಳಿಸಿದರೆ ಯಾರಿಗೂ ಕೇಳಿಸುವುದಿಲ್ಲ. ಗದಾಯುದ್ಧದ ದುರ್ಯೋಧನನ ಛಲವನ್ನು ರನ್ನನಿಂದ ನಾನು ಅವನಿಗೆ ಓದಿ ಹೇಳಿದೆ. ರಣರಂಗದಲ್ಲಿ ದ್ರೋಣ, ಕರ್ಣ, ದುಶ್ಶಾಸನರ ಹೆಣಗಳ ನಡುವೆ ಅವನು ನಡೆಯುವ ಭಾಗವನ್ನು ಕೇಳಿ ನಟನ ಕಣ್ಣು ತುಂಬಿತು. ಉಸಿರು ಮಾತ್ರ ಅಷ್ಟೇ ಉಳಿಯಿತು.

ಜಮಖಂಡಿ ಮಾಸ್ತರ:

ರನ್ನನನ್ನು ಓದಿ ಹೇಳಿದ್ದು ಒಳ್ಳೆಯದು, ಆದರೆ ಅವನ ದುರ್ಯೋಧನನನ್ನು ಭಾಸನವನ ಮೇಲೆ ಹೊರಿಸಬೇಡ. ರನ್ನನವನು ಕೊನೆಯವರೆಗೂ ಛಲ ಬಿಡದವನು. ಅದರಲ್ಲಿ ನಾಟಕ ತುಂಬಿ ತುಳುಕುತ್ತದೆ, ಅದಕ್ಕೇ ಬಿ.ಎಂ. ಶ್ರೀಕಂಠಯ್ಯನವರು ಆ ಕಾವ್ಯದಿಂದ ‘ಗದಾಯುದ್ಧ ನಾಟಕಂ’ ಬರೆಯಲು ಸಾಧ್ಯವಾಯಿತು. ಗ್ರೀಕರ ರುದ್ರನಾಟಕವನ್ನು ಬಲ್ಲವರಾಗಿದ್ದರು ಅವರು. ಸೊಫೊಕ್ಲಿಸನ ಅಯಾಸನನ್ನು ‘ಅಶ್ವತ್ಥಾಮನ್’ ಮಾಡಿದವರೂ ಅವರೇ. ಭಾಸನವನಾದರೋ ಛಲ ಬಿಟ್ಟವನು. ಬಲರಾಮನ ಸಿಟ್ಟನ್ನು ತಾನೇ ಇಳಿಸುತ್ತಾನೆ, ಅಶ್ವತ್ಥಾಮನನ್ನು ತಡೆಯಲು ನೋಡುತ್ತಾನೆ, ಮಗನಿಗೆ ಪಾಂಡವರನ್ನು ತಂದೆಯಂತೆ ಕಾಣು ಎನ್ನುತ್ತಾನೆ. ಛಲದ ಮಾತಿಗೆ ಎತ್ತರದ ಧ್ವನಿ ಬೇಕು. ಇವನಿಗೆ ಅದು ಬೇಕಾಗಿಯೇ ಇಲ್ಲವಲ್ಲ.

ಕುಲಗೋಡ ಹಿಮ್ಮೇಳ:

ತಮ್ಮಾ, ಶ್ಲೋಕದ ಭಾಗವನ್ನು ಅವನಿಂದ ಹೇಳಿಸುವುದೇಕೆ? ಹಿಮ್ಮೇಳಕ್ಕೆ ಕೊಡಿ. ಪದವನ್ನು ಭಾಗವತ ಹಾಡಲಿ, ದುರ್ಯೋಧನ ಬರೀ ಗದ್ಯದ ಮಾತನ್ನು ಆಡಲಿ. ನಮ್ಮಲ್ಲಿ ಪಾತ್ರ ದಣಿದಾಗ ಭಾಗವತ ಪದವನ್ನು ಎತ್ತಿಕೊಳ್ಳುತ್ತಾನೆ, ನೋಡುವವರಿಗೆ ಅದು ಪಾತ್ರದ ಮನಸ್ಸೇ ಹಾಡಿದಂತೆ ಕೇಳಿಸುತ್ತದೆ. ಪಣಿಕ್ಕರರ ತಂಡದಲ್ಲಿಯೂ ಗಾಯಕರು ಬದಿಯಲ್ಲಿ ಕುಳಿತಿರುತ್ತಿದ್ದರು.

ವಿಜಯಪುರದ ಕಂಪನಿ ನಾಟಕಪ್ರಿಯ:

ಕುಲಗೋಡದವರ ಸಲಹೆ ನನಗೂ ಹಿಡಿಸಿತು. ಆದರೆ ಎಲ್ಲರೂ ಕಲೆಯ ಮಾತಾಡುತ್ತಿದ್ದೀರಿ, ಹೊಟ್ಟೆಯ ಮಾತು ಯಾರೂ ಆಡುತ್ತಿಲ್ಲ. ವರ್ಷಗಟ್ಟಲೆ ಬಿಟ್ಟುಹೋಗದ ತಂಡ ಬೇಕೆಂದು ಬೆಳಗಾವಿಯ ತಂಗಿ ಬರೆದಿದ್ದಾರೆ. ಹನ್ನೊಂದು ಹುಡುಗರನ್ನು ವರ್ಷವಿಡೀ ಸಾಕುವವರು ಯಾರು? ಕಂಪನಿಗಳನ್ನು ಟಿಕೆಟು ಸಾಕಿತು. ಪ್ರಾಚೀನ ನಾಟಕವನ್ನು ಸಾಕುವುದು ಯಾವುದು?

ಟಿಳಕವಾಡಿ, ಬೆಳಗಾವಿ:

ಇದು ಈ ಚರ್ಚೆಯ ಅತ್ಯಂತ ಗಟ್ಟಿ ಪ್ರಶ್ನೆ, ಅಣ್ಣಾವರೇ. ಪಣಿಕ್ಕರರು ಚಲನಚಿತ್ರಗಳಿಗೆ ಹಾಡು ಬರೆಯುತ್ತಿದ್ದರು. ಅವರ ಅವನವನ್ ಕಡಂಬದಲ್ಲಿ ಆಡಿದ ನೆಡುಮುಡಿ ವೇಣು ಮುಂದೆ ಮಲಯಾಳ ಸಿನಿಮಾದ ದೊಡ್ಡ ನಟರಾದರು. ಥಿಯಮ್ ಅವರ ತಂಡದವರು ತಮ್ಮ ಜಾಗದಲ್ಲಿ ತಾವೇ ಬೆಳೆ ತೆಗೆಯುತ್ತಿದ್ದರು. ಕೇಂದ್ರ ಸಂಸ್ಕೃತಿ ಸಚಿವಾಲಯದ ರೆಪರ್ಟರಿ ಅನುದಾನ ಗುರುವಿಗೂ ಕಲಾವಿದರಿಗೂ ತಿಂಗಳ ಸಂಭಾವನೆ ಕೊಡುತ್ತದೆ, ಆದರೆ ಅರ್ಜಿ ಹಾಕಿದ ಕೂಡಲೇ ಸಿಗುವಂಥದ್ದಲ್ಲ. ನೀನಾಸಂ 1985ರಲ್ಲಿ ತಿರುಗಾಟ ಆರಂಭಿಸಿದಾಗ ಹಿಡಿದ ದಾರಿ ಬೇರೆ. ಊರೂರು ತಿರುಗುವುದು, ಪ್ರತಿ ಊರಿನ ಸಂಘಟಕರು ಒಂದಿಷ್ಟು ಹೊರೆ ಹೊರುವುದು. ಶಾಕುಂತಲವೂ ಶೇಕ್ಸ್‌ಪಿಯರನೂ ನಮ್ಮ ತಾಲೂಕು ಊರುಗಳಿಗೆ ಬಂದದ್ದು ಹಾಗೆಯೇ. ಸಂಸ್ಕೃತ ನಾಟಕವೊಂದೇ ಯಾರಿಗೂ ಅನ್ನ ಹಾಕಿಲ್ಲ ಎಂಬುದನ್ನು ಮುಚ್ಚಿಡುವುದು ತಪ್ಪು. ನಾನೂ ಶಾಲೆಯೊಂದರಲ್ಲಿ ನಾಟಕ ಕಲಿಸಿಯೇ ಜೀವನ ಸಾಗಿಸುತ್ತಿದ್ದೇನೆ.

ಮುಧೋಳದ ರಂಗಾಸಕ್ತ:

ನಿನ್ನೆ ರಾತ್ರಿ ಕುಲಗೋಡದ ಅಣ್ಣಾವರು ಹೇಳಿದಂತೆ ಮಾಡಿ ನೋಡಿದೆವು. ಪದ್ಯಗಳನ್ನು ಹಿಮ್ಮೇಳಕ್ಕೆ ಬಿಟ್ಟು, ದುರ್ಯೋಧನನಿಗೆ ಗದ್ಯ ಮಾತ್ರ ಕೊಟ್ಟೆವು. ಅವನ ಅರ್ಧದಷ್ಟು ಮಾತು ಹೋದದ್ದಕ್ಕೆ ಮೊದಲು ಮುಖ ಗಂಟುಹಾಕಿಕೊಂಡ. ಕಂಪನಿಯಲ್ಲಿ ಬೆಳೆದವನಿಗೆ ಮಾತು ಕಳೆದುಕೊಳ್ಳುವುದೆಂದರೆ ಪಗಾರ ಕಳೆದುಕೊಂಡಂತೆ. ಆಮೇಲೆ ದುರ್ಯೋಧನನ ಮಗ ದುರ್ಜಯನ ಪ್ರಸಂಗ ಬಂತು. ದುರ್ಜಯನ ಪಾತ್ರ ಮಾಡುವವನು ಎಂಟು ವರ್ಷದ ಹುಡುಗ, ನಮ್ಮ ತಬಲಾದವರ ಮಗ. ಅಪ್ಪನ ತೊಡೆಯ ಮೇಲೆ ಕೂಡುತ್ತೇನೆಂದು ಅವನು ಓಡಿ ಬಂದ. ದುರ್ಯೋಧನ ಕೈ ಅಡ್ಡ ಹಿಡಿದ, ಒಂದು ಮಾತೂ ಆಡಲಿಲ್ಲ. ಹಾಡು ಅಲ್ಲಿ ಬರಬೇಕಿತ್ತು. ಹಾರ್ಮೋನಿಯಂದವರು ಬೆರಳೆತ್ತಿ ಹಾಗೆಯೇ ಕುಳಿತುಬಿಟ್ಟರು. ಅವರು ಮರೆತರೋ, ಬೇಕೆಂದೇ ಬಿಟ್ಟರೋ ನಾನು ಕೇಳಲಿಲ್ಲ. ಆ ಮೌನವನ್ನು ಹಾಗೆಯೇ ಇಟ್ಟುಕೊಂಡಿದ್ದೇನೆ.

ಆಡಿದ ಮೇಲೆ ಹುಡುಗರೊಡನೆ ಕುಳಿತು ಒಂದು ಮಾತು ಮಾಡಿಕೊಂಡೆವು. ಒಂದೇ ಪ್ರದರ್ಶನಕ್ಕೆ ಇದನ್ನು ಮುಗಿಸದೆ, ಮುಂದಿನ ವರ್ಷ ಇದೇ ಹನ್ನೊಂದು ಮಂದಿ ‘ಕರ್ಣಭಾರ’ಕ್ಕೆ ಕೂಡುವುದು. ಇಬ್ಬರು ನೌಕರಿ ಹುಡುಕಿ ಪುಣೆಗೆ ಹೋಗುವವರಿದ್ದಾರೆ, ಆದ್ದರಿಂದ ಹನ್ನೊಂದು ಒಂಬತ್ತಾದೀತು.

ಹಿರಿಯರಲ್ಲಿ ಒಂದು ಪ್ರಶ್ನೆ ಉಳಿದಿದೆ. ನಾಟ್ಯಶಾಸ್ತ್ರ ರಂಗದ ಮೇಲೆ ಸಾವನ್ನು ತೋರಿಸಬಾರದೆನ್ನುತ್ತದೆ, ಭಾಸ ತೋರಿಸುತ್ತಾನೆ. ದುರ್ಯೋಧನ ಸತ್ತ ಮೇಲೆ ಅವನ ಮೇಲೆ ಬಟ್ಟೆ ಹೊದಿಸಲೋ, ಅಥವಾ ನಮ್ಮ ಸೀಮೆಯಲ್ಲಿ ಹೆಣವನ್ನು ಕೂಡಿಸುವಂತೆ ಕೂಡಿಸಲೋ?

ವಿಜಯಪುರದ ಕಂಪನಿ ನಾಟಕಪ್ರಿಯ:

ಕೂಡಿಸಬೇಡ. ಊರಿನ ಹೆಣ್ಣುಮಕ್ಕಳು ಅಳಲು ಆರಂಭಿಸಿದರೆ ಅಶ್ವತ್ಥಾಮನ ಮಾತು ಯಾರಿಗೂ ಕೇಳಿಸದು. ಬಟ್ಟೆ ಹೊದಿಸು. ಪ್ರದರ್ಶನದ ದಿನ ತಿಳಿಸು, ನಾನು ಬರುತ್ತೇನೆ. ಟಿಕೆಟು ಇಟ್ಟಿದ್ದರೆ ಮಾತ್ರ.